ಮಾವ ಎಂಬ ಗುಣವಾಚಕ

ಇಂಗ್ಲಿಷಿನಲ್ಲಿ 'ಅವಂಕ್ಯುಲರ್' ಎಂಬ ಒಂದು ಗುಣವಾಚಕವಿದೆ. ದಿನಬಳಕೆಯ ಮಾತಲ್ಲ. ಇಂಗ್ಲಿಷನ್ನು ನೀರು ಕುಡಿದಂತೆ ಆಡುವವರೂ ಬಸ್ಸಿನಲ್ಲೋ ಬ್ಯಾಂಕಿನಲ್ಲೋ ಅದನ್ನು ಬಳಸಿದ್ದನ್ನು ನಾನು ಕೇಳಿಲ್ಲ. ಕಾದಂಬರಿಗಳಲ್ಲಿ, ದೊಡ್ಡವರ ಜೀವನಚರಿತ್ರೆಗಳಲ್ಲಿ, ಯಾರಾದರೂ ಹಿರಿಯರು ತೀರಿಕೊಂಡಾಗ ಪತ್ರಿಕೆಯವರು ಬರೆಯುವ ನಾಲ್ಕು ಒಳ್ಳೆಯ ಮಾತುಗಳಲ್ಲಿ ಆಗೊಮ್ಮೆ ಈಗೊಮ್ಮೆ ಮುಖ ತೋರಿಸಿ ಮರೆಯಾಗುವ ಪದ ಅದು.

ನಿಘಂಟು ತೆರೆದರೆ ಎರಡು ಅರ್ಥಗಳು ಸಿಗುತ್ತವೆ. ಒಂದು, 'ಅಂಕಲ್‌ಗೆ ಸಂಬಂಧಿಸಿದ' ಎಂಬುದು. ಇನ್ನೊಂದು, 'ಅಂಕಲ್‌ನ ಹಾಗೆ ಅಕ್ಕರೆಯುಳ್ಳ, ನಗುಮೊಗದ, ಕಿರಿಯರನ್ನು ಸಲಿಗೆಯಿಂದ ಕಾಣುವ' ಎಂಬುದು. ಬಳಕೆಯಲ್ಲಿರುವುದು ಹೆಚ್ಚಾಗಿ ಎರಡನೆಯದೇ. ಅದರಲ್ಲೂ ಒಂದು ವಿಚಿತ್ರ ನೋಡಿ: ನಿಜವಾದ ಅಂಕಲ್‌ನನ್ನು ಯಾರೂ ಅವಂಕ್ಯುಲರ್ ಎನ್ನುವುದಿಲ್ಲ. ಊರಿನ ಹಳೆಯ ಡಾಕ್ಟರು, ನಿವೃತ್ತಿಯ ಅಂಚಿನಲ್ಲಿರುವ ಪ್ರೊಫೆಸರು, ಕಕ್ಷಿದಾರನ ಹೆಗಲ ಮೇಲೆ ಕೈಯಿಟ್ಟು ಮಾತಾಡುವ ವಕೀಲರು ಇಂಥವರಿಗೆ ಆ ಪದ. ಅವಂಕ್ಯುಲರ್ ದನಿ, ಅವಂಕ್ಯುಲರ್ ನಗೆ, ಅವಂಕ್ಯುಲರ್ ಬುದ್ಧಿವಾದ. 'ಪೆಟರ್ನಲ್' ಎಂದರೆ ತಂದೆಯ ಗತ್ತು ಬರುತ್ತದೆ, 'ಫ್ರೆಟರ್ನಲ್' ಎಂದರೆ ಅಣ್ಣತಮ್ಮಂದಿರ ಸರಿಸಮಾನತೆ ಬರುತ್ತದೆ. ಇವೆರಡರ ನಡುವೆ ಎಲ್ಲೋ ಇದು ಕೂತಿದೆ. ಮೇಲಿನಿಂದಲೇ ಬರುವ ಪ್ರೀತಿ, ಆದರೆ ಬೆತ್ತ ಹಿಡಿದು ಬಂದದ್ದಲ್ಲ. ಕೆಲವೊಮ್ಮೆ ಬರೆಯುವವರು ಇದಕ್ಕೆ ಒಂದು ಹನಿ ಹುಳಿಯನ್ನೂ ಹಿಂಡುತ್ತಾರೆ. ಕೇಳದೆಯೇ ಹಿರಿತನ ವಹಿಸಿಕೊಂಡು ಬೆನ್ನು ತಟ್ಟುವವರನ್ನು ಅವಂಕ್ಯುಲರ್ ಎಂದರೆ ಅದು ಹೊಗಳಿಕೆಯಲ್ಲ.

ಇಂಗ್ಲಿಷಿನಿಂದ ಒಂದು ಪುಸ್ತಕವನ್ನು ಕನ್ನಡಕ್ಕೆ ತರುವಾಗ ಈ ಪದ ನನ್ನ ದಾರಿಗೆ ಅಡ್ಡ ಬಂತು. 'ಮಾವನಂಥ' ಎಂದು ಬರೆದರೆ ಓದುಗರು ಹೆಣ್ಣು ಕೊಟ್ಟ ಮಾವನನ್ನು ನೆನೆಯುತ್ತಾರೆ. ಅಲ್ಲಿ ಅಕ್ಕರೆಗಿಂತ ಮುಂಚೆ ಗಡಿಯಾರ, ಸೂಟು, ಸ್ಕೂಟರು ನೆನಪಾಗುತ್ತವೆ. 'ಚಿಕ್ಕಪ್ಪನಂಥ' ಎಂದರೆ ಆಸ್ತಿ ಪಾಲಿನ ವಾಸನೆ. 'ವಾತ್ಸಲ್ಯಮಯಿ' ಎಂದರೆ ತಾಯಿಯಾದಳು. ಹೀಗೆ ಒಂದು ಪದಕ್ಕಾಗಿ ನಾಲ್ಕು ದಿನ ಕಳೆದ ಮೇಲೆ ಅದರ ಹುಟ್ಟೂರಿಗೇ ಹೋಗಿ ವಿಚಾರಿಸೋಣವೆಂದು ಹೊರಟೆ.

ಅದರ ಹುಟ್ಟೂರು ರೋಮ್. ಲ್ಯಾಟಿನ್ನಿನಲ್ಲಿ 'ಅವುಸ್' ಎಂದರೆ ಅಜ್ಜ. ಅದಕ್ಕೆ ಮುದ್ದಿನ ಪ್ರತ್ಯಯ ಸೇರಿಸಿ 'ಅವುಂಕುಲುಸ್', ಅಂದರೆ ಚಿಕ್ಕಜ್ಜ, ಪುಟ್ಟಜ್ಜ. ಇದು ಯಾರ ಹೆಸರೆಂದರೆ ಅಪ್ಪನ ತಮ್ಮನದಲ್ಲ, ಅಮ್ಮನ ಅಣ್ಣತಮ್ಮಂದಿರದು. ನಮ್ಮ ಸೋದರಮಾವನದೇ! ಅಪ್ಪನ ಅಣ್ಣತಮ್ಮಂದಿರಿಗೆ ರೋಮನರು ಬೇರೆ ಹೆಸರಿಟ್ಟಿದ್ದರು, 'ಪಾತ್ರುಉಸ್' ಎಂದು. ಇವನ ಸ್ವಭಾವವೂ ಬೇರೆ. ಪಾತ್ರುಉಸ್ ಎಂದರೆ ಗದರಿಸುವವನು, ತಪ್ಪು ಹುಡುಕುವವನು. ಕವಿ ಹೊರೇಸನ ಕಾಲಕ್ಕಾಗಲೇ ಅದು ಗಾದೆಯ ಮಾತಿನಂತೆ ಆಗಿತ್ತು. ಯಾರಾದರೂ ಅತಿಯಾಗಿ ಬುದ್ಧಿ ಹೇಳಿದರೆ 'ನನಗೆ ಚಿಕ್ಕಪ್ಪನಾಗಬೇಡ' ಎನ್ನುವ ಧಾಟಿಯಲ್ಲಿ ರೋಮಿನವರು ಮಾತಾಡುತ್ತಿದ್ದರು. ಬೈಗುಳ ಅಪ್ಪನ ಕಡೆಯಿಂದ, ಬೆಲ್ಲ ಅಮ್ಮನ ಕಡೆಯಿಂದ ಎಂಬ ಈ ಹಂಚಿಕೆ ನಮಗೆ ಹೊಸದೇನೂ ಅಲ್ಲ.

ರೋಮಿನ ಒಬ್ಬ ಸೋದರಮಾವನ ಪರಿಚಯ ನಮಗೆ ಚೆನ್ನಾಗಿಯೇ ಇದೆ. ಹಿರಿಯ ಪ್ಲಿನಿ ಎಂದು ಅವನನ್ನು ಕರೆಯುತ್ತಾರೆ. ಪ್ರಕೃತಿಯ ಬಗ್ಗೆ 37 ಸಂಪುಟಗಳ ವಿಶ್ವಕೋಶ ಬರೆದ ಪಂಡಿತ, ನೇಪಲ್ಸ್ ಕೊಲ್ಲಿಯ ಮಿಸೇನುಮ್ ಎಂಬಲ್ಲಿದ್ದ ನೌಕಾದಳಕ್ಕೆ ಅಧಿಪತಿ. ಅವನ ಸೋದರಿ ಮತ್ತು ಅವಳ ಮಗ ಅವನ ಜೊತೆಗೇ ಇದ್ದರು. ಆ ಹುಡುಗನೇ ಕಿರಿಯ ಪ್ಲಿನಿ, ಮುಂದೆ ತನ್ನ ಪತ್ರಗಳಿಂದ ಹೆಸರಾದವನು. ಮಾವನಿಗೆ ಓದಿನ ಹುಚ್ಚು ಎಷ್ಟಿತ್ತೆಂದರೆ, ಅಳಿಯ ರಸ್ತೆಯಲ್ಲಿ ನಡೆದು ಹೋಗುವುದನ್ನು ಕಂಡು, ಪಲ್ಲಕ್ಕಿಯಲ್ಲಿ ಹೋಗಿದ್ದರೆ ಅಷ್ಟು ಹೊತ್ತು ಓದಬಹುದಿತ್ತಲ್ಲ ಎಂದು ಆಕ್ಷೇಪಿಸಿದ್ದನಂತೆ. ಕ್ರಿ.ಶ. 79ರಲ್ಲಿ ವೆಸೂವಿಯಸ್ ಬೆಟ್ಟ ಬಾಯಿಬಿಟ್ಟಿತು. ದೂರದ ಆಕಾಶದಲ್ಲಿ ಎದ್ದ ವಿಚಿತ್ರ ಮೋಡವನ್ನು ಮೊದಲು ಕಂಡು ಅಣ್ಣತಮ್ಮನಿಗೆ ತೋರಿಸಿದವಳು ಆ ಸೋದರಿಯೇ. ನೋಡಲು ದೋಣಿ ಸಿದ್ಧಮಾಡಿಸಿದ ಮಾವ, ನೀನೂ ಬರುತ್ತೀಯಾ ಎಂದು ಹುಡುಗನನ್ನು ಕೇಳಿದ. ಬರೆಯುವುದಿದೆ, ನಾನು ಇಲ್ಲೇ ಇರುತ್ತೇನೆ ಎಂದ ಹುಡುಗ. ಆ ಬರೆಯುವ ಕೆಲಸ ಕೊಟ್ಟವನೂ ಮಾವನೇ! ಮಾವ ಬಲವಂತ ಮಾಡಲಿಲ್ಲ. ನೋಡಲು ಹೊರಟವನು ಜನರನ್ನು ಉಳಿಸಲು ಹೋದ, ಸ್ಟೇಬಿಯ ಎಂಬಲ್ಲಿ ದಡದ ಮೇಲೆ ಸತ್ತ. ಉಯಿಲಿನಲ್ಲಿ ಅಳಿಯನನ್ನು ದತ್ತು ಮಗನನ್ನಾಗಿ ಮಾಡಿಕೊಂಡಿದ್ದ.

ವರ್ಷಗಳ ನಂತರ ಇತಿಹಾಸಕಾರ ಟ್ಯಾಸಿಟಸ್ ಕೇಳಿದನೆಂದು ಕಿರಿಯ ಪ್ಲಿನಿ ಆ ಸಾವಿನ ವಿವರವನ್ನು ಪತ್ರದಲ್ಲಿ ಬರೆದ. ಕಾನೂನಿನ ಪ್ರಕಾರ ಸತ್ತವನು ಅವನಿಗೆ ಈಗ ತಂದೆ. ಆದರೂ ಪತ್ರದಲ್ಲಿ ಅವನನ್ನು ಕರೆದದ್ದು ಅವುಂಕುಲುಸ್ ಎಂದೇ. ಸಂಬಂಧ ಬದಲಾದರೂ ಪದ ಬದಲಾಗಲಿಲ್ಲ. ಈ ಮಾತನ್ನು ನೀವು ಸ್ವಲ್ಪ ನೆನಪಿಟ್ಟುಕೊಳ್ಳಬೇಕು.

ಇನ್ನು ಇಂಗ್ಲಿಷರ ಕಥೆ. ಅವರೂ ಹಿಂದೆ ಜಾಣರೇ ಆಗಿದ್ದರು. ಹಳೆಯ ಇಂಗ್ಲಿಷಿನಲ್ಲಿ ಅಮ್ಮನ ಸೋದರನಿಗೆ 'ಎಆಮ್' ಎಂದೂ ಅಪ್ಪನ ಸೋದರನಿಗೆ 'ಫೆದೆರ' ಎಂದೂ ಬೇರೆ ಬೇರೆ ಹೆಸರುಗಳಿದ್ದವು. ಜರ್ಮನ್ ಬುಡಕಟ್ಟುಗಳಲ್ಲಿ ಅಕ್ಕತಂಗಿಯರ ಮಕ್ಕಳಿಗೆ ಅಪ್ಪನ ಹತ್ತಿರ ಎಷ್ಟು ಮಾನವೋ ಸೋದರಮಾವನ ಹತ್ತಿರವೂ ಅಷ್ಟೇ ಮಾನ ಎಂದು ಇದೇ ಟ್ಯಾಸಿಟಸ್ ಬರೆದಿದ್ದಾನೆ. 'ಬೇವುಲ್ಫ್' ಎಂಬ ಹಳೆಯ ವೀರಕಾವ್ಯದ ನಾಯಕ ತಾನು ಗೆದ್ದ ಕಾಣಿಕೆಗಳನ್ನೆಲ್ಲ ತಂದು ಒಪ್ಪಿಸುವುದು ಹೈಗೆಲಾಕ್ ಎಂಬ ದೊರೆಗೆ. ಅವನು ಬೇರೆ ಯಾರೂ ಅಲ್ಲ, ಅವನ ತಾಯಿಯ ಸೋದರ. 1066ರಲ್ಲಿ ನಾರ್ಮನ್ನರು ಬಂದು ಇಂಗ್ಲೆಂಡನ್ನು ಗೆದ್ದ ಮೇಲೆ ಫ್ರೆಂಚ್ ಪದಗಳು ಹಿಂಡುಹಿಂಡಾಗಿ ಒಳಗೆ ಬಂದವು. ಅವುಂಕುಲುಸ್ ಫ್ರೆಂಚರ ಬಾಯಲ್ಲಿ ಸವೆದು 'ಓಂಕ್ಲ್' ಆಗಿತ್ತು, ಅದೇ 'ಅಂಕಲ್' ಆಯಿತು. ಬಂದ ಅಂಕಲ್ ಸೋದರಮಾವನ ಕುರ್ಚಿಯ ಜೊತೆಗೆ ಚಿಕ್ಕಪ್ಪ, ದೊಡ್ಡಪ್ಪಂದಿರ ಕುರ್ಚಿಗಳನ್ನೂ ಎಳೆದುಕೊಂಡು ಕೂತ.

ಆಂಟಿಯ ಕಥೆ ಇನ್ನೂ ಸ್ವಾರಸ್ಯದ್ದು. ಲ್ಯಾಟಿನ್ನಿನಲ್ಲಿ ಅಮ್ಮನ ಅಕ್ಕತಂಗಿಯರಿಗೆ 'ಮಾತೆರ್ತೆರ', ಅಪ್ಪನ ಅಕ್ಕತಂಗಿಯರಿಗೆ 'ಅಮಿತ'. 'ಆಂಟ್' ಬಂದದ್ದು ಅಮಿತದಿಂದ. ಹಾಗಾದರೆ ಹುಟ್ಟಿನಲ್ಲಿ ಅಂಕಲ್ ಎಂದರೆ ಸೋದರಮಾವ, ಆಂಟಿ ಎಂದರೆ ಸೋದರತ್ತೆ. ಮಾವ ಮತ್ತು ಅತ್ತೆ! ಕನ್ನಡದವರು ಗಂಡಹೆಂಡಿರನ್ನಾಗಿ ಜೋಡಿಸಿ ಕೂರಿಸುವ ಇದೇ ಇಬ್ಬರನ್ನು ಇಂಗ್ಲಿಷರೂ ತಮಗೆ ಗೊತ್ತಿಲ್ಲದಂತೆಯೇ ಜೋಡಿಸಿಬಿಟ್ಟಿದ್ದಾರೆ.

ಅಂಕಲ್ ನಾಮಪದವಾಗಿ ಬಂದು ಎಷ್ಟೋ ನೂರು ವರ್ಷಗಳಾದ ಮೇಲೆ, 19ನೆಯ ಶತಮಾನದಲ್ಲಿ, ಲ್ಯಾಟಿನ್ ಬಲ್ಲ ಬರಹಗಾರರು ಹಳೆಯ ಬೇರಿಗೆ ಮತ್ತೆ ಕೈಹಾಕಿ 'ಅವಂಕ್ಯುಲರ್' ಎಂಬ ಗುಣವಾಚಕವನ್ನು ರೂಢಿಗೆ ತಂದರು. ಆ ಕಾಲದಲ್ಲಿ ಅದಕ್ಕೆ ಒಂದು ತಮಾಷೆಯ ಅರ್ಥವೂ ಇತ್ತು. ಲಂಡನ್ನಿನ ಪೋಲಿಮಾತಿನಲ್ಲಿ 'ನನ್ನ ಅಂಕಲ್' ಎಂದರೆ ಗಿರವಿ ಅಂಗಡಿಯವನು. ಗಡಿಯಾರ ಅಡವಿಟ್ಟು ಬಂದವನು ಅಂಕಲ್‌ನ ಮನೆಗೆ ಹೋಗಿದ್ದೆ ಎನ್ನುತ್ತಿದ್ದ. ಹಾಗಾಗಿ ಅವಂಕ್ಯುಲರ್ ಎಂದರೆ ಗಿರವಿ ವ್ಯಾಪಾರದ ಎಂದೂ ಹಾಸ್ಯಕ್ಕೆ ಬಳಸುತ್ತಿದ್ದರು. ಫ್ರೆಂಚರಿಗೆ ಗಿರವಿ ಅಂಗಡಿ 'ಅತ್ತೆಯ ಮನೆ'. ನಮ್ಮಲ್ಲಿ ಮಾವನ ಮನೆ ಎಂದರೆ ಜೈಲು. ಎಲ್ಲ ದೇಶಗಳಲ್ಲೂ ಜನ ಕಷ್ಟಕ್ಕೆ ಸಿಕ್ಕಿದಾಗ ನೆಂಟರನ್ನೇ ನೆನೆಯುತ್ತಾರೆ ಎಂದುಕೊಳ್ಳಬೇಕು.

ಆದರೆ ಅಂಕಲ್ ಎಂಬ ಪದಕ್ಕೆ ಒಂದು ಕಹಿ ಚರಿತ್ರೆಯೂ ಇದೆ. ಅಮೆರಿಕದ ದಕ್ಷಿಣ ಭಾಗದಲ್ಲಿ ಬಿಳಿಯರು ವಯಸ್ಸಾದ ಕಪ್ಪು ಗಂಡಸರನ್ನು ಅಂಕಲ್ ಎಂದು ಕರೆಯುತ್ತಿದ್ದರು. ಪ್ರೀತಿಯಿಂದಲ್ಲ, 'ಮಿಸ್ಟರ್' ಎಂಬ ಮರ್ಯಾದೆಯನ್ನು ತಪ್ಪಿಸುವುದಕ್ಕಾಗಿ. 1852ರಲ್ಲಿ ಪುಸ್ತಕವಾಗಿ ಹೊರಬಂದ 'ಅಂಕಲ್ ಟಾಮ್ಸ್ ಕ್ಯಾಬಿನ್' ಕಾದಂಬರಿಯ ಹೆಸರಿನಲ್ಲಿರುವುದೂ ಆ ರೂಢಿಯೇ. ನೆಂಟಸ್ತಿಕೆಯಿಲ್ಲದ ಕಡೆ ನೆಂಟಸ್ತಿಕೆಯ ಪದ ಬಂದರೆ, ಒಳಗೆ ಏನಿದೆ ಎಂದು ಒಂದು ಸಲ ಮುಟ್ಟಿ ನೋಡುವುದು ಒಳ್ಳೆಯದು.

ಇರಲಿ, ನಮ್ಮ ಮನೆಗೆ ಬರೋಣ. ಕನ್ನಡದಲ್ಲಿ ಅಪ್ಪನ ಕಡೆಯವರು ಅಪ್ಪಂದಿರೇ: ದೊಡ್ಡಪ್ಪ, ಚಿಕ್ಕಪ್ಪ. ಅಮ್ಮನ ಅಕ್ಕತಂಗಿಯರು ಅಮ್ಮಂದಿರೇ: ದೊಡ್ಡಮ್ಮ, ಚಿಕ್ಕಮ್ಮ. ಅಮ್ಮನ ಸೋದರ ಮಾತ್ರ ಅಪ್ಪನಲ್ಲ, ಮಾವ. ಕಿವಿ ಚುಚ್ಚುವಾಗ ಮಗುವನ್ನು ತೊಡೆಯ ಮೇಲೆ ಕೂರಿಸಿಕೊಳ್ಳಬೇಕಾದವನು ಅವನು. ಹಳ್ಳಿಗಳಲ್ಲಿ ಹುಡುಗಿ ಮೈನೆರೆದರೆ ಹಸಿರು ಸೊಪ್ಪಿನ ಗುಡ್ಲು ಹಾಕಬೇಕಾದವನು ಅವನು. ಮದುವೆಯ ದಿನ ಅವಳನ್ನು ಹಸೆಮಣೆಗೆ ಕರೆತರಬೇಕಾದವನೂ ಅವನೇ. ಆಕಾಶದ ಚಂದ್ರನೂ ನಮಗೆ ಮಾಮನೇ. ಲಕ್ಷ್ಮಿಯೂ ಚಂದ್ರನೂ ಒಂದೇ ಸಮುದ್ರಮಥನದಲ್ಲಿ ಹುಟ್ಟಿದವರು, ಲಕ್ಷ್ಮಿ ನಮಗೆಲ್ಲ ತಾಯಿ, ಅದಕ್ಕೇ ಅವನು ಮಾಮ ಎಂದು ಹಿರಿಯರ ಲೆಕ್ಕ. 1947ರಲ್ಲಿ ಮದರಾಸಿನಲ್ಲಿ ಹುಟ್ಟಿ, ಮುಂದೆ ಕನ್ನಡದಲ್ಲೂ ಬಂದು, ಈಗ ನಿಂತುಹೋಗಿರುವ ಮಕ್ಕಳ ಪತ್ರಿಕೆಗೆ 'ಚಂದಮಾಮ' ಎಂದಲ್ಲದೆ ಬೇರೆ ಹೆಸರು ಒಪ್ಪುತ್ತಿತ್ತೆ? 'ಚಂದಚಿಕ್ಕಪ್ಪ' ಎಂದಿದ್ದರೆ ಎಷ್ಟು ಮಕ್ಕಳು ಓದುತ್ತಿದ್ದರೋ ಕಾಣೆ.

ಹಾಗೆಂದು ನಮ್ಮ ಮಾವಂದಿರೆಲ್ಲ ಬೆಲ್ಲದ ಅಚ್ಚುಗಳೆಂದು ತಿಳಿಯಬಾರದು. ಪುರಾಣದಲ್ಲಿ ಮಾವ ಎಂದರೆ ಮೊದಲು ನೆನಪಾಗುವವನು ಕಂಸ. ತಂಗಿಯ ಮದುವೆಯ ರಥವನ್ನು ತಾನೇ ಹೊಡೆದುಕೊಂಡು ಹೊರಟವನು, ಅಶರೀರವಾಣಿ ಕೇಳಿದ ಮೇಲೆ ಅವಳ ಮಕ್ಕಳನ್ನು ಕೊಂದ. ಎರಡನೆಯವನು ಶಕುನಿ, ಕೌರವರ ಸೋದರಮಾವ. ಅವನ ದನಿಗಿಂತ ಅವಂಕ್ಯುಲರ್ ಆದ ದನಿ ಮಹಾಭಾರತದಲ್ಲೇ ಇಲ್ಲ. ಮಮತೆಯಿಂದಲೇ ಅಳಿಯಂದಿರ ಬೆನ್ನು ತಟ್ಟಿ ಅವರನ್ನು ಕುರುಕ್ಷೇತ್ರದವರೆಗೆ ಕರೆದೊಯ್ದ. ನಕುಲ ಸಹದೇವರ ಸೋದರಮಾವ ಶಲ್ಯ ಎದುರು ಪಕ್ಷದಲ್ಲಿ ನಿಂತ. ಒಳ್ಳೆಯ ಮಾವನೆಂದರೆ ಅಭಿಮನ್ಯುವನ್ನು ದ್ವಾರಕೆಯಲ್ಲಿಟ್ಟುಕೊಂಡು ಬೆಳೆಸಿದ ಕೃಷ್ಣ. ಅವನಿಂದಲೂ ಆ ಹುಡುಗನನ್ನು ಉಳಿಸಿಕೊಳ್ಳಲಾಗಲಿಲ್ಲ.

ಮಾನವಶಾಸ್ತ್ರಜ್ಞರು ಈ ಮಾವನನ್ನು ಬಹಳ ತಲೆಗೆ ಹಚ್ಚಿಕೊಂಡಿದ್ದಾರೆ. ರ‍್ಯಾಡ್‌ಕ್ಲಿಫ್-ಬ್ರೌನ್ ಎಂಬ ವಿದ್ವಾಂಸ 1924ರಲ್ಲಿ ದಕ್ಷಿಣ ಆಫ್ರಿಕಾದ ಸೋದರಮಾವಂದಿರ ಬಗ್ಗೆಯೇ ಒಂದು ಪ್ರಬಂಧ ಬರೆದ. ಮಾವನಿಗೂ ಅಳಿಯನಿಗೂ ಇರುವ ವಿಶೇಷ ಬಂಧಕ್ಕೆ 'ಅವಂಕ್ಯುಲೇಟ್' ಎಂಬ ಶಾಸ್ತ್ರೀಯ ಹೆಸರೇ ಇದೆ. ನಮ್ಮ ತುಳುನಾಡಿನವರಿಗೆ ಇದನ್ನು ಯಾರೂ ಹೇಳಿಕೊಡಬೇಕಾಗಿಲ್ಲ. ಅಳಿಯಸಂತಾನ ಪದ್ಧತಿಯಲ್ಲಿ ಮನೆತನ ಹರಿಯುವುದು ತಾಯಿಯಿಂದ, ಮಾವನ ನಂತರ ಬರುವವನು ಅವನ ಮಗನಲ್ಲ, ಸೋದರಿಯ ಮಗ. ಅದಕ್ಕಾಗಿ 1949ರಲ್ಲಿ ಮದರಾಸು ಸರಕಾರ ಒಂದು ಕಾಯಿದೆಯನ್ನೇ ಮಾಡಿತು. 1956ರ ಹಿಂದೂ ಉತ್ತರಾಧಿಕಾರ ಕಾಯಿದೆ ಬಂದ ಮೇಲೆ ಆ ಲೆಕ್ಕಾಚಾರ ಬಹಳಷ್ಟು ಬದಲಾಯಿತು. ಅಲ್ಲಿ ಮಾವನೆಂದರೆ ಮುದ್ದಿನ ಮುಖ ಮಾತ್ರವಲ್ಲ, ಮನೆಯ ಯಜಮಾನ, ಕಡತ, ಗೇಣಿ, ಅಧಿಕಾರ.

ಇಷ್ಟೆಲ್ಲ ಸುತ್ತಿದ ಮೇಲೆ ನನಗೆ ಹೊಳೆದದ್ದು ಇದು. ಇಂಗ್ಲಿಷರು ಸೋದರಮಾವನಿಂದ ಅಕ್ಕರೆಯನ್ನು ಮಾತ್ರ ಹಿಂಡಿಕೊಂಡು ಗುಣವಾಚಕ ಮಾಡಿಕೊಂಡರು. ಅವನ ಕರ್ತವ್ಯವನ್ನೂ ಹಕ್ಕನ್ನೂ ಸಿಪ್ಪೆಯ ಹಾಗೆ ಎಸೆದುಬಿಟ್ಟರು. ನಾವು ಇಡೀ ಹಣ್ಣನ್ನು ಉಳಿಸಿಕೊಂಡೆವು. ಕರ್ತವ್ಯ ಉಳಿಯಿತು, ಅದರ ಜೊತೆಗೆ ಹಕ್ಕೂ ಉಳಿಯಿತು. ಹಕ್ಕು ಎಂದರೆ ಯಾವ ಹಕ್ಕು? ಅಕ್ಕನ ಮಗಳ ಮೇಲಿನ ಹಕ್ಕು.

1955ರ ಹಿಂದೂ ವಿವಾಹ ಕಾಯಿದೆಯ ಪ್ರಕಾರ ಮಾವ ಮತ್ತು ಅಕ್ಕನ ಮಗಳ ಮದುವೆ ನಿಷಿದ್ಧ. ಆದರೆ ರೂಢಿಯಲ್ಲಿದ್ದರೆ ಆಗಬಹುದೆಂದು ಅದೇ ಕಾಯಿದೆ ಬಾಗಿಲು ಬಿಟ್ಟಿದೆ. ಕರ್ನಾಟಕದಲ್ಲಿ ಆ ಬಾಗಿಲಿನಿಂದ ಹೋದವರು ಕಡಿಮೆಯಲ್ಲ. 1980ರ ದಶಕದಲ್ಲಿ ಇಲ್ಲಿನ ಆಸ್ಪತ್ರೆಗಳಲ್ಲಿ ಹೆರಿಗೆಯಾದ ಒಂದು ಲಕ್ಷಕ್ಕೂ ಹೆಚ್ಚು ತಾಯಂದಿರನ್ನು ವಿಚಾರಿಸಿದಾಗ, ಸುಮಾರು ಮೂರರಲ್ಲಿ ಒಂದು ಮದುವೆ ರಕ್ತಸಂಬಂಧದೊಳಗಿನದು ಎಂದು ತಿಳಿದುಬಂತು. ಹಿಂದೂಗಳಲ್ಲಿ ಅಂಥ ಮದುವೆಗಳಲ್ಲಿ ಸೋದರಮಾವನದೇ ಮೇಲುಗೈ. ಹುಟ್ಟುವ ಮಕ್ಕಳ ಆರೋಗ್ಯದ ಬಗ್ಗೆ ಡಾಕ್ಟರುಗಳು ಹೇಳುವ ಎಚ್ಚರಿಕೆ ಎಲ್ಲರಿಗೂ ಗೊತ್ತಿದೆ. ನನಗೆ ಗೊತ್ತಿರುವ ಇನ್ನೊಂದು ನಷ್ಟ ಯಾವ ಅಧ್ಯಯನದಲ್ಲೂ ಸೇರುವುದಿಲ್ಲ.

ನನ್ನ ದೊಡ್ಡಮ್ಮನ ಮಗಳಿಗೆ 1964ರಲ್ಲಿ ಮದುವೆಯಾಯಿತು. ಅವಳಿಗೆ ಹದಿನಾರು. ವರ ನಮ್ಮಿಬ್ಬರಿಗೂ ಸೋದರಮಾವ, ನಮ್ಮ ತಾಯಂದಿರ ಕಡೆಯ ತಮ್ಮ, ಅವಳಿಗಿಂತ ಹನ್ನೊಂದು ವರ್ಷ ದೊಡ್ಡವನು. ಅವನಷ್ಟು ತಮಾಷೆಯ ಮನುಷ್ಯ ನಮ್ಮ ಬಳಗದಲ್ಲೇ ಇರಲಿಲ್ಲ. ಜಾತ್ರೆಗೆ ಸೈಕಲ್ಲಿನಲ್ಲಿ ಕರೆದೊಯ್ಯುತ್ತಿದ್ದ, ನಾನು ಮುಂದಿನ ಬಾರಿನ ಮೇಲೆ, ಅಕ್ಕ ಹಿಂದಿನ ಕ್ಯಾರಿಯರಿನ ಮೇಲೆ. ಬೆಂಡು ಬತ್ತಾಸು ಕೊಡಿಸುತ್ತಿದ್ದ. ಅಕ್ಕ ಅವನ ಬೆನ್ನಿಗೆ ಗುದ್ದಿ, 'ಮಾವ, ಮೆತ್ತಗೆ ಹೊಡಿಯೋ, ಬಿದ್ದುಹೋಗ್ತೀನಿ' ಎಂದು ಕಿರುಚುತ್ತಿದ್ದಳು. ಅವಳ ಕಡೆ ನೋಡಿ ಹೆಂಗಸರು, 'ಇವಳನ್ನ ಮಾವನಿಗೇ ಕೊಡೋದು' ಎಂದು ನಗುತ್ತಿದ್ದರು. ಹಾಗೆ ನಗುವುದು ಎಲ್ಲ ಮನೆಗಳಲ್ಲೂ ಇತ್ತು. ಆ ನಗೆ ಒಂದು ದಿನ ಲಗ್ನಪತ್ರಿಕೆಯಾಗುತ್ತದೆಂದು ಅವಳಿಗೆ ಯಾರೂ ಬಿಡಿಸಿ ಹೇಳಲಿಲ್ಲ, ಕೇಳಲೂ ಇಲ್ಲ. ಮದುವೆಯ ದಿನ ಒಂದು ತೊಡಕಾಯಿತು. ಹುಡುಗಿಯನ್ನು ಹಸೆಗೆ ಕರೆತರಬೇಕಾದ ಸೋದರಮಾವನೇ ಹಸೆಯ ಮೇಲೆ ಕೂತಿದ್ದಾನೆ! ಕೊನೆಗೆ ದೊಡ್ಡಮ್ಮನ ದೂರದ ತಮ್ಮನೊಬ್ಬನನ್ನು ಹುಡುಕಿ ತಂದು ಮಾವನ ಸ್ಥಾನದಲ್ಲಿ ನಿಲ್ಲಿಸಿದರು. ಎಲ್ಲರೂ ನಕ್ಕರು.

ನಾನು ಅವನನ್ನು ಕಡೆಯವರೆಗೂ ಮಾವ ಎಂದೇ ಕರೆದೆ. ಲೆಕ್ಕದಲ್ಲಿ ಭಾವನೂ ಆಗಿದ್ದ, ಆದರೆ ಯಾರೂ ಆಕ್ಷೇಪಿಸಲಿಲ್ಲ. ಅಕ್ಕನಿಗೆ ಆ ಸೌಕರ್ಯ ಇರಲಿಲ್ಲ. ಗಂಡನನ್ನು ಮಾವ ಎನ್ನುವುದು ಹೇಗೆ? ಹೆಸರು ಹಿಡಿದು ಕರೆಯುವಂತಿರಲಿಲ್ಲ. ನಿನ್ನೆಯವರೆಗೆ 'ನೀನು' ಎನ್ನುತ್ತಿದ್ದವಳಿಗೆ 'ನೀವು' ಎನ್ನಲು ನಾಲಗೆ ಹೊರಳದು. ಹಾಗಾಗಿ ಅವಳು ಅವನನ್ನು ಏನೂ ಕರೆಯದೆ ಇದ್ದುಬಿಟ್ಟಳು. ಊಟಕ್ಕೆ ಕರೆಯಬೇಕಾದರೆ ಮಗನ ಕೈಲಿ ಹೇಳಿಸುವಳು, ಮಗ ಹುಟ್ಟುವ ಮೊದಲು ತಟ್ಟೆಯನ್ನು ಸ್ವಲ್ಪ ಜೋರಾಗಿ ಇಡುವಳು. ನಲವತ್ತು ವರ್ಷಕ್ಕೂ ಮೀರಿದ ಸಂಸಾರ. ಅವನು ಕೆಟ್ಟ ಗಂಡನಾಗಿರಲಿಲ್ಲ. ಕೈ ಎತ್ತಿದವನಲ್ಲ, ಕುಡಿದವನಲ್ಲ, ಮಕ್ಕಳನ್ನು ಓದಿಸಿದ. ಆದರೆ ಮದುವೆಯಾದ ಮೇಲೆ ಅವನೂ ಅವಳ ಜೊತೆ ತಮಾಷೆ ಮಾಡಿದ್ದನ್ನು ನಾನು ಕಂಡಿಲ್ಲ. ಹೆಂಡತಿಯ ಜೊತೆ ನಾಲ್ಕು ಜನರ ಮುಂದೆ ನಗುವ ಕಾಲ ಅದಲ್ಲ. ರೋಮಿನ ಹುಡುಗ ತಂದೆಯಾಗಿ ಬದಲಾದವನನ್ನೂ ಸೋದರಮಾವ ಎಂದೇ ಬರೆದನಲ್ಲ, ಆ ಭಾಗ್ಯ ಇವಳಿಗೆ ಬರಲಿಲ್ಲ.

ಈಗ ಅಂಥ ಮದುವೆಗಳು ಕಡಿಮೆಯಾಗುತ್ತಿವೆ, ಒಳ್ಳೆಯದೇ. ಜೊತೆಗೆ ಮಾವನೂ ಕಡಿಮೆಯಾಗುತ್ತಿದ್ದಾನೆ. ಒಂದೊಂದೇ ಮಗುವಿರುವ ಮನೆಗಳಲ್ಲಿ ಮುಂದಿನವರಿಗೆ ಸೋದರಮಾವ ಎಲ್ಲಿಂದ ಬರಬೇಕು? ಮಕ್ಕಳು ಆಟೋದವನನ್ನೂ ಅಂಕಲ್ ಎನ್ನುತ್ತಾರೆ, ಪಕ್ಕದ ಮನೆಯವನನ್ನೂ ಅಪ್ಪನ ತಮ್ಮನನ್ನೂ ಅಂಕಲ್ ಎನ್ನುತ್ತಾರೆ. ಇದನ್ನು ಕಂಡು ಕನ್ನಡ ಹಾಳಾಯಿತೆಂದು ಸಂಕಟಪಡುವವರ ಸಾಲಿನಲ್ಲಿ ನಾನೂ ಇದ್ದೇನೆ. ಆದರೂ ಒಂದು ಮಾತು ಒಪ್ಪಬೇಕು. ಅಂಕಲ್ ಎಂದು ಕರೆಸಿಕೊಂಡವನಿಗೆ ಆ ಮಗುವಿನ ಮೇಲೆ ಯಾವ ಹಕ್ಕೂ ಹುಟ್ಟುವುದಿಲ್ಲ. ಗುಡ್ಲು ಹಾಕುವ ಕರ್ತವ್ಯವೂ ಇಲ್ಲ, ತಾಳಿ ಕಟ್ಟುವ ಹಕ್ಕೂ ಇಲ್ಲ.

ನನ್ನ ಅನುವಾದದಲ್ಲಿ ಆ ಜಾಗದಲ್ಲಿ ಕೊನೆಗೆ 'ಹಕ್ಕಿಲ್ಲದ ಅಕ್ಕರೆಯ' ಎಂದು ಬರೆದೆ. ನಿಘಂಟಿನವರು ಒಪ್ಪಲಿಕ್ಕಿಲ್ಲ, ಒಂದು ಪದದ ಜಾಗದಲ್ಲಿ ಎರಡು ಕೂತಿವೆ ಬೇರೆ. ಅದೇ ದಿನಗಳಲ್ಲಿ ಅಕ್ಕ ನಮ್ಮ ಮನೆಗೆ ಬಂದಿದ್ದಳು. ಮಾವ ತೀರಿಕೊಂಡು ಆಗಲೇ ಕೆಲವು ವರ್ಷಗಳಾಗಿದ್ದವು. ಮೇಜಿನ ಮೇಲೆ ಹರಡಿದ ಕಾಗದಗಳನ್ನು ನೋಡಿ ಏನು ಬರೆಯುತ್ತಿದ್ದೀ ಎಂದು ಕೇಳಿದಳು. 'ಇಂಗ್ಲಿಷಲ್ಲಿ ಒಂದು ಪದ ಇದೆ ಅಕ್ಕ. ಏನೂ ಬಯಸದೆ, ನಗ್ತಾ ನಗ್ತಾ ಪ್ರೀತಿ ಮಾಡೋ ಮಾವನ ಥರದವನು ಅಂತ ಅರ್ಥ. ಕನ್ನಡದಲ್ಲಿ ಅದಕ್ಕೆ ಪದವೇ ಸಿಗ್ತಿಲ್ಲ' ಎಂದೆ.

ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, 'ಪದ ಇತ್ತು ಕಣೋ. ನನ್ನ ಹತ್ರ ಹದಿನಾರು ವರ್ಷ ಇತ್ತು' ಎಂದಳು.